ಮುದ್ದೆಮಾಲು

ನಮ್ಮ ಮನೆಯ ಮುದ್ದೆಕೋಲಿನ ಮುಂದೆ ಭೀಮನ ಗದೆ ಬರೀ ಹಲ್ಲುಕಡ್ಡಿ. ಅದನ್ನು ಕಪಿಲಾ ಹೊಳೆಗೆ ಅಡ್ಡ ಇಟ್ಟಿದ್ದರೆ ನಂಜನಗೂಡು ಪೇಟೆಯ ನಲ್ಲಿಗಳೆಲ್ಲ ನಿಂತುಹೋಗುತ್ತಿದ್ದವು. ಮೂವತ್ತೆರಡು ವರ್ಷ ಹದಿನೆಂಟು ಹಳ್ಳಿಗೆ ಕಾಗದ ಹಂಚಿದ ಪೋಸ್ಟ್‌ಮ್ಯಾನ್ ಮಹದೇವಯ್ಯ ನಾನು. ಹದಿನೆಂಟು ಹಳ್ಳಿಯ ಒಲೆಗಳನ್ನೂ ಕಂಡವನು. ಅಂಥ ಕೋಲು ಇನ್ನೊಂದಿಲ್ಲ. ಅದನ್ನು ಹಿಡಿಯುವ ನನ್ನ ಹೆಂಡತಿ ಗೋವಿಂದಮ್ಮನ ರಟ್ಟೆಯಂಥ ರಟ್ಟೆಯೂ ಇನ್ನೊಂದಿಲ್ಲ. ನಮ್ಮ ಗೊಬ್ಬಳಿಹುಂಡಿಯ ಕೇರಿಯಲ್ಲಿ ಮದುವೆಯೋ ತಿಥಿಯೋ ಆಗಿ ಮುನ್ನೂರು ಜನಕ್ಕೆ ಮುದ್ದೆ ತಿರುವಬೇಕೆಂದರೆ ಅವಳೇ ಬರಬೇಕು. ಮನೆಯಲ್ಲಿ ಐದೇ ಜನಕ್ಕೆ ಮಾಡುವಾಗಲೂ ಅವಳು ಹಿಡಿಯುವುದು ಅದೇ ಕೋಲನ್ನು.

ಆ ಕೋಲು ತಪ್ಪಲೆ ಬಿಟ್ಟು ಬೇರೆ ಕಡೆ ಬಿದ್ದದ್ದು ಒಂದೇ ಸಲ. ತೊಂಬತ್ತೇಳನೇ ಇಸವಿ, ನವೆಂಬರ್ ತಿಂಗಳ ಒಂದು ಭಾನುವಾರ.

ಕಾರಣ ಒಂದು ಸೈಕಲ್ಲು. ನನ್ನ ಮಗಳು ಸಂಘಮಿತ್ರಾ ನಂಜನಗೂಡಿನಲ್ಲಿ ಬಿ.ಎ. ಓದುತ್ತಿದ್ದಳು. ದಿನಾ ಸೈಕಲ್ ತುಳಿದು ಬದನವಾಳಿಗೆ ಹೋಗಿ ಬಸ್ಸು ಹಿಡಿಯುತ್ತಿದ್ದಳು. ದಾರಿ ಮೇಲಿನ ಬೀದಿಯ ಶಿವಮಲ್ಲಪ್ಪನ ಜಗಲಿಯ ಮುಂದೆ ಹಾಯುತ್ತದೆ. ಕೇರಿಯವರು ಆ ಜಗಲಿಯ ಮುಂದೆ ಸೈಕಲ್ ಇಳಿದು ತಳ್ಳಿಕೊಂಡು ಹೋಗಬೇಕು ಎಂಬುದು ಅವನ ತಾತನ ಕಾಲದ ಕಾನೂನು. ಇವಳು ಇಳಿಯಲಿಲ್ಲ. ಅಷ್ಟಕ್ಕೆ ಬಿಡದೆ, ಸರಿಯಾಗಿ ಅಲ್ಲಿಗೆ ಬಂದಾಗ ಬೆಲ್ಲು ಬೇರೆ ಹೊಡೆಯುತ್ತಿದ್ದಳು.

ಆ ಭಾನುವಾರ ಮಧ್ಯಾಹ್ನ ಶಿವಮಲ್ಲಪ್ಪ ಇಬ್ಬರು ಆಳುಗಳನ್ನು ಕಟ್ಟಿಕೊಂಡು ನಮ್ಮ ಅಂಗಳಕ್ಕೇ ಬಂದ. ಗೋವಿಂದಮ್ಮ ಅಂಗಳದ ಒಲೆಯ ಮೇಲೆ ಮುದ್ದೆ ತಿರುವುತ್ತಿದ್ದಳು.

"ಲೇ ಮಾದೇವ, ನಿನ್ ಮಗ್ಳುಗೆ ನೀನ್ ಬುದ್ಧಿ ಕಲಿಸ್ತೀಯೋ, ನಾನ್ ಕಲಿಸ್ಲೋ?"

"ಅವ್ಳು ಬಿ.ಎ. ಓದ್ತಾವ್ಳೆ. ನಾವೇ ಅವ್ಳ ತಾವ ಕಲೀಬೇಕು" ಎಂದೆ.

ಆ ಮಾತನ್ನು ನಾನು ಸಿಂಹದ ಹಾಗೆ ಗರ್ಜಿಸಿದೆ. ಬಾಗಿಲ ಹಿಂದೆ ನಿಂತು ಗೊಣಗಿದೆ ಎಂದು ಮನೆಯವರು ಹೇಳುತ್ತಾರೆ, ಅವರು ದೂರದಲ್ಲಿದ್ದರು.

ಶಿವಮಲ್ಲಪ್ಪ ಕಾಲೆತ್ತಿ ಒಲೆಯ ಮೇಲಿನ ತಪ್ಪಲೆಯನ್ನು ಒದ್ದ. ಅರೆಬೆಂದ ಹಿಟ್ಟು ಅಂಗಳದ ತುಂಬಾ ಚೆಲ್ಲಿತು. ಗೋವಿಂದಮ್ಮನ ಕೈಯಲ್ಲಿ ಕೋಲು ಮಾತ್ರ ಉಳಿಯಿತು. ಒಂದೇ ಏಟು. ಅವನು ಬಿದ್ದ ಸದ್ದು ಚಾಮುಂಡಿಬೆಟ್ಟಕ್ಕೆ ಕೇಳಿಸಿತು ಎಂದು ಕೆಲವರು ಉತ್ಪ್ರೇಕ್ಷೆ ಮಾಡುತ್ತಾರೆ. ತಗಡೂರಿನವರೆಗೆ ಕೇಳಿಸಿದ್ದಷ್ಟೇ ನಿಜ.

ಆಳುಗಳಿಬ್ಬರೂ ಓಡಿದರು. ಗೋವಿಂದಮ್ಮ ಓಡಲಿಲ್ಲ. ಸೆರಗು ಹರಿದು ಅವನ ತಲೆಗೆ ಬಿಗಿದಳು. ಆರಡಿ ಆಳನ್ನು ರಾಗಿ ಮೂಟೆಯ ಹಾಗೆ ಹೆಗಲಿಗೆ ಹಾಕಿಕೊಂಡು ರಸ್ತೆಗೆ ಹೊತ್ತಳು. ಇಟ್ಟಿಗೆ ಲಾರಿ ನಿಲ್ಲಿಸಿ ನಂಜನಗೂಡಿನ ಆಸ್ಪತ್ರೆಗೆ ಸೇರಿಸಿ, ಅಲ್ಲೇ ವರಾಂಡದಲ್ಲಿ ಕಾಲು ಚಾಚಿ ಕೂತಳು. ತಲೆಗೆ ಹನ್ನೊಂದು ಹೊಲಿಗೆ, ಹೆಗಲ ಮೂಳೆ ಬಿರುಕು. ಸಂಜೆ ಪೊಲೀಸರು ಬಂದಾಗ ಇವಳೇ ಎದ್ದು ನಿಂತು, "ಒಡ್ದೋಳು ನಾನೇ, ಒತ್ಕೊಂಡ್ ಬಂದೋಳೂ ನಾನೇ. ಎಲ್ಡೂ ಬರ್ಕೊಳಿ" ಎಂದಳಂತೆ. ಅವರು ಮೊದಲನೆಯದನ್ನು ಮಾತ್ರ ಬರೆದುಕೊಂಡರು. ಸೆಕ್ಷನ್ ಮುನ್ನೂರ ಏಳು, ಕೊಲೆಯತ್ನ. ನಮ್ಮ ಕಡೆಯ ದೂರೂ ದಾಖಲಾಯಿತು, ಅದರ ಕಥೆ ಬೇರೆ.

ಮಾರನೆಯ ದಿನ ನಂಜನಗೂಡು ಕೋರ್ಟಿನಿಂದ ಅವಳನ್ನು ಮೈಸೂರು ಜೈಲಿಗೆ ಕಳಿಸಿದರು. ಅದೇ ಮಧ್ಯಾಹ್ನ ಒಬ್ಬ ದಫೇದಾರರು ಬೆವರು ಒರೆಸಿಕೊಳ್ಳುತ್ತ ನಮ್ಮ ಮನೆಗೆ ಬಂದರು.

"ಮುದ್ದೆಮಾಲು ಎಲ್ರೀ?"

ನನ್ನ ಸೊಸೆ ಯಶೋಧರಾ ತಿ. ನರಸೀಪುರದ ನಾಲೆ ಬಯಲಿನವಳು, ಅನ್ನ ಉಂಡು ಬೆಳೆದವಳು. ಅತ್ತೆ ಇಲ್ಲದ ಒಲೆಯಲ್ಲಿ ಆವತ್ತು ತಾನೇ ಮೊದಲ ಸಲ, ಆ ಕೋಲು ಎತ್ತಲಾರದೆ, ಸೌಟಿನಲ್ಲಿ ಮುದ್ದೆ ತಿರುವಿದ್ದಳು. ಪಾಪ, ಸಾಹೇಬರಿಗೆ ಹಸಿವಾಗಿದೆ ಎಂದು ತಟ್ಟೆಗೆ ಎರಡು ಮುದ್ದೆ ಹಾಕಿ ತಂದಿಟ್ಟಳು.

"ಮುದ್ದೆ ಅದೆ ಸಾ. ಮಾಲು ಅಂದ್ರೆ ಯಾವ್ದು, ಸಾರಾ? ಉರುಳಿಕಾಳಿನ್ ಸಾರು ಅದೆ."

"ಅಯ್ಯೋ ತಾಯಿ, ಮುದ್ದೆ ಅಲ್ಲ, ಮುದ್ದೆಮಾಲು! ಹೊಡೆದ ಆಯುಧ! ಕೇಸಿಗೆ ಜಪ್ತಿ ಮಾಡೋ ವಸ್ತು!"

"ಆಯುಧ ಎಲ್ಲದೆ ಸಾ? ಮುದ್ದೆಕೋಲು ಅದೆ ಅಷ್ಟೆ."

"ಅದೇ ಕಣಮ್ಮ ಮುದ್ದೆಮಾಲು!"

"ಮೊದ್ಲೇ ಅಂಗ್ ಯೋಳದಲ್ವಾ? ಮುದ್ದೆ ಮಾಡೋ ಮಾಲು ಅಂತ."

ದಫೇದಾರರು ತಟ್ಟೆಯನ್ನೂ ನೋಡಿದರು, ಕೋಲನ್ನೂ ನೋಡಿದರು. ಬೆಳಗ್ಗೆಯಿಂದ ಉಂಡಿರಲಿಲ್ಲವಂತೆ. ಎರಡು ಮುದ್ದೆ ಮುಗಿಸಿ, ಗಂಟುಗಳನ್ನು ಮರ್ಯಾದೆಯಿಂದ ತಟ್ಟೆಯ ಅಂಚಿಗೆ ಸರಿಸಿ, ಆಮೇಲೆ ಮಹಜರು ಬರೆದು, ಕೋಲನ್ನು ಬಿಳಿ ಬಟ್ಟೆಯಲ್ಲಿ ಸುತ್ತಿ ಅರಗಿನ ಮುದ್ರೆ ಒತ್ತಿಕೊಂಡು ಹೋದರು.

ಅಲ್ಲಿಂದ ನಮ್ಮ ಮನೆಯ ವನವಾಸ ಶುರು. ಯಶೋಧರಾಳ ಮುದ್ದೆಯ ಒಂದೊಂದು ಗಂಟೂ ನಂಜನಗೂಡು ರಸಬಾಳೆಯಷ್ಟು ದಪ್ಪ. ನಮ್ಮ ಎಮ್ಮೆ ಗೋವಿಂದಮ್ಮನ ಕೈಗಲ್ಲದೆ ಬೇರೆಯವರಿಗೆ ಹಾಲು ಸೊರೆಯುತ್ತಿರಲಿಲ್ಲ. ನನ್ನನ್ನು ಒದ್ದ ರಭಸಕ್ಕೆ ನಾನು ಒಂದು ಮೈಲಿ ದೂರ ಹೋಗಿ ಬಿದ್ದೆ. ಕೊನೆಗೆ ಸಂಘಮಿತ್ರಾ ಅವ್ವನ ಸೀರೆ ಸುತ್ತಿಕೊಂಡು ಹೋಗಿ ಹಾಲು ಕರೆದಳು. ಎಮ್ಮೆ ಸೀರೆಯನ್ನು ಮೂಸಿ ಸುಮ್ಮನಾಯಿತು.

ನನ್ನ ಮಗ ಪ್ರೇಮ್‌ಕುಮಾರ್ ನರಸೀಪುರದ ತಾಲ್ಲೂಕು ಕಚೇರಿಯಲ್ಲಿ ಗುಮಾಸ್ತ. ಹುಟ್ಟಿನಿಂದ ಒಂದು ಇರುವೆಯನ್ನೂ ಎದುರು ಹಾಕಿಕೊಂಡವನಲ್ಲ. ದಿನಾ ಸಂಜೆ ಬಸ್ಸಿಳಿದು ಬಂದು ತಂಗಿಯ ಮೇಲೆ ಎಗರುತ್ತಿದ್ದ.

"ನೀನು ನಾಕು ಹೆಜ್ಜೆ ಸೈಕಲ್ ಇಳಿದಿದ್ದಿದ್ರೆ ಅವ್ವ ಇವತ್ತು ಮನೇಲಿರ್ತಿದ್ಲು."

"ಅವ್ವ ಜೈಲಲ್ಲಿರೋದು ನಾನ್ ಇಳೀಲಿಲ್ಲ ಅಂತ ಅಲ್ಲಣ್ಣ. ಅವ್ನು ತಪ್ಪಲೆ ಒದ್ದ ಅಂತ."

"ಅವ್ವ ಈಚೆ ಬರೋಗಂಟ ಆದ್ರೂ ಸೈಕಲ್ ಮುಟ್‌ಬ್ಯಾಡ."

"ಮುಟ್ಟಲ್ಲ. ತುಳೀತೀನಿ."

ಮಾರನೆಯ ದಿನ ಅವನು ಸೈಕಲ್ಲಿನ ವಾಲ್‌ಟ್ಯೂಬು ಕಿತ್ತು ಜೇಬಿಗೆ ಹಾಕಿಕೊಂಡ. ಯಶೋಧರಾ ಅವನ ಶರಟು ಒಗೆಯಲು ತೆಗೆದುಕೊಂಡವಳು ಅದನ್ನು ತೆಗೆದು ನಾದಿನಿಯ ಕೈಗಿಟ್ಟಳು.

"ನೀನು ಯಾರ ಕಡೆಯವಳೇ?" ಎಂದ ಪ್ರೇಮ್‌ಕುಮಾರ್.

"ಮುದ್ದೆ ತಿನ್ನಾಕ್ ಬರೋರ್ ಕಡೆ. ಕೂತ್ಕೊಳಿ."

ನಮ್ಮ ವಕೀಲರು ತಗಡೂರಿನ ಚನ್ನಯ್ಯ. ಅಪರೂಪಕ್ಕೆ ನಿಜ ಹೇಳುವ ವಕೀಲ. ನಮ್ಮ ಜಗಲಿಯ ಮೇಲೆ ಕೂತು ಬಿಡಿಸಿ ಹೇಳಿದರು.

"ಬೇಲು ಅಂದ್ರೆ, ತಪ್ಪು ಮಾಡವ್ಳೋ ಇಲ್ವೋ ಅಂತ ತೀರ್ಮಾನ ಮಾಡೋದಲ್ಲ ಕಣಯ್ಯ. ಅದು ವಿಚಾರಣೇಲಿ. ಬೇಲಿಗೆ ಜಡ್ಜು ಕೇಳೋದು ಬೇರೆ. ಹೊರಕ್ಕೆ ಬಿಟ್ರೆ ಓಡೋಯ್ತಾಳಾ? ಸಾಕ್ಷಿಗಳನ್ನ ಎದ್ರುಸ್ತಾಳಾ? ಮೇಲ್ನೋಟಕ್ಕೆ ಕೊಲ್ಲೋ ಉದ್ದೇಶ ಕಾಣ್ತದಾ? ಮುನ್ನೂರ ಏಳು ದೊಡ್ಡ ಸೆಕ್ಷನ್ನು. ಇಂಥದ್ರಲ್ಲಿ ನಂಜನಗೂಡು ಮ್ಯಾಜಿಸ್ಟ್ರೇಟ್ರು ಸುಲಭಕ್ಕೆ ಬಿಡಲ್ಲ. ಆದ್ರೆ ಕಾನೂನಲ್ಲಿ ಒಂದು ಕಿಂಡಿ ಇದೆ. ಹೆಂಗಸು, ಕಾಯಿಲೆಯವರು, ಕೈಲಾಗದವರು ಆದ್ರೆ ಬಿಡಬೋದು."

"ಹೆಂಗಸು ಹೌದು" ಎಂದೆ. "ಉಳಿದೆರಡು ಹೇಳಿದ್ರೆ ನಮ್ಮ ಎಮ್ಮೆನೂ ನಗ್ತದೆ."

"ಒಂದು ಡಾಕ್ಟ್ರು ಸರ್ಟಿಫಿಕೇಟು ತರೋಣ. ಮೂರೂ ಸೇರಿದ್ರೆ ಗಟ್ಟಿ."

ನಾನೂ ಪ್ರೇಮ್‌ಕುಮಾರನೂ ಜೈಲಿಗೆ ಹೋದೆವು. ಕಂಬಿಯ ಆಚೆ ಗೋವಿಂದಮ್ಮ ಮನೆಯಲ್ಲಿದ್ದುದಕ್ಕಿಂತ ದುಂಡಗಾಗಿ ಕಂಡಳು. ಅಲ್ಲಿನ ಅಡಿಗೆಯ ಹೆಂಗಸರಿಗೆ ಮುದ್ದೆ ತಿರುವುವುದನ್ನು ಹೇಳಿಕೊಡುತ್ತಿದ್ದಾಳಂತೆ.

"ಅವ್ವ, ಮಂಡಿನೋವು, ತಲೆಸುತ್ತು ಅಂತ ಒಂದು ಮಾತು ಹೇಳು ಸಾಕು" ಎಂದ ಮಗ.

"ಯಾರ್‌ಗೆ ಮಂಡಿನೋವು?"

"ನಿನಗೆ. ಕೋರ್ಟಿಗೆ ಅಷ್ಟೆ."

"ನನ್ ಮಂಡಿಗೆ ಗೊತ್ತಾ ಅದು? ಲೇ ಪ್ರೇಮ, ಅವನ್ನ ಒತ್ಕೊಂಡು ಅರ್ದ ಮೈಲಿ ನಡದಿವ್ನಿ. ಈಗ ಕೈಲಾಗದೋಳು ಅಂದ್ರೆ, ಒಡ್ದುದ್ದೂ ಸುಳ್ಳು, ಒತ್ತುದ್ದೂ ಸುಳ್ಳು ಅಂತ ಆಯ್ತದೆ. ಆಮ್ಯಾಕೆ ಊರು ಏನಂತದೆ? ಪಾಪದ್ ಮುದುಕಿ, ಕೈ ಜಾರಿ ಕೋಲು ಬಿತ್ತು ಅಂತದೆ. ನನ್ ಕೈ ಜಾರ್ಲಿಲ್ಲ."

"ಅಂಗಾದ್ರೆ ಇಲ್ಲೇ ಇರ್ತೀಯಾ?"

"ಇರ್ತೀನಿ. ಒಟ್ಟೆಗ್ ಅಳದ್ ಆಕ್ತಾರೆ ಅನ್ನೋದ್ ಬುಟ್ರೆ ಇನ್ನೇನ್ ಕಷ್ಟ ಇಲ್ಲ."

ಆದರೂ ಪ್ರೇಮ್‌ಕುಮಾರ್ ಅವ್ವನಿಗೆ ಹೇಳದೆ ಸರ್ಟಿಫಿಕೇಟು ತಂದು ವಕೀಲರ ಕೈಗೆ ಕೊಟ್ಟುಬಿಟ್ಟ. ನಾನು ಕಂಡೂ ಕಾಣದವನಂತಿದ್ದೆ. ನನಗೂ ಗಂಟಿಲ್ಲದ ಮುದ್ದೆ ಬೇಕಿತ್ತು.

ಹದಿನಾಲ್ಕು ದಿನ ತುಂಬಿದ ಸೋಮವಾರ ಗೋವಿಂದಮ್ಮನನ್ನು ನಂಜನಗೂಡು ಕೋರ್ಟಿಗೆ ಕರೆತಂದರು. ಅವತ್ತೇ ಜಾಮೀನು ಅರ್ಜಿ. ಜನ ಹತ್ತು ಸಾವಿರ ಸೇರಿದ್ದರು. ಎಣಿಸಿದವರು ನಲವತ್ತು ಎನ್ನಬಹುದು. ಚನ್ನಯ್ಯ ಎದ್ದು ಗಂಟಲು ಸರಿಮಾಡಿಕೊಂಡರು.

"ಸ್ವಾಮಿ, ನನ್ನ ಕಕ್ಷಿದಾರಳು ವೃದ್ಧೆ, ಅಬಲೆ. ರಕ್ತಹೀನತೆ, ಮಂಡಿನೋವು, ತಲೆಸುತ್ತು ಇವೆ. ಎದ್ದು ನಿಲ್ಲುವುದೂ ಕಷ್ಟ."

ಕಟಕಟೆಯಲ್ಲಿ ನೆಟ್ಟಗೆ ನಿಂತಿದ್ದ ಗೋವಿಂದಮ್ಮ ಪಕ್ಕದ ಮಹಿಳಾ ಪೇದೆಯನ್ನು ಕೇಳಿದಳು. "ಯಾರವ್ವ ಅದು, ಪಾಪ?"

"ನೀನೇ ಕಣಮ್ಮ."

ಸರ್ಕಾರಿ ವಕೀಲರು ಕನ್ನಡಕ ಏರಿಸಿಕೊಂಡು ತಕರಾರು ತೆಗೆದರು. "ಸುಳ್ಳು ಸ್ವಾಮಿ. ಈಕೆ ಗಟ್ಟಿಮುಟ್ಟಾದ ಹೆಂಗಸು. ಆರಡಿ ಎತ್ತರದ ಗಂಡಸನ್ನು ಒಂದೇ ಏಟಿಗೆ ಕೆಡವಿದ್ದಾಳೆ."

"ಅಗೋ, ಆ ಕನ್ನಡಕದೋರ್ ಯೋಳೋದೇ ನಿಜ ಕಣ್ ಸಾ!" ಗೋವಿಂದಮ್ಮನ ದನಿ ಕಪಿಲೆಯ ಆಚೆ ದಡಕ್ಕೆ ಮುಟ್ಟಿತು. "ನಮ್ ವಕೀಲ್ರು ಏನೋ ತಪ್ ಯೋಳ್ತಾವ್ರೆ. ಉಟ್ದಾಗ್ಲಿಂದ ಒಂದ್ ಮಾತ್ರೆ ನುಂಗ್ದೋಳಲ್ಲ ನಾನು."

ಮ್ಯಾಜಿಸ್ಟ್ರೇಟರು ಪೆನ್ನು ಕೆಳಗಿಟ್ಟರು. ಚನ್ನಯ್ಯ ಸರ್ಟಿಫಿಕೇಟನ್ನು ಮೆಲ್ಲಗೆ ಫೈಲಿನೊಳಗೆ ತಳ್ಳಿದರು. ಸರ್ಕಾರಿ ವಕೀಲರಿಗೆ ಹುಟ್ಟಿದಾರಭ್ಯ ಆಪಾದಿತರಿಂದ ಅಂಥ ಬೆಂಬಲ ಸಿಕ್ಕಿರಲಿಲ್ಲ. ಕನ್ನಡಕ ಇಳಿಸಿ ಕೂತುಬಿಟ್ಟರು. ಅರ್ಜಿ ವಜಾ. ತನಿಖೆ ಇನ್ನೂ ನಡೆಯುತ್ತಿದೆ, ಕಾಯಿಲೆಯ ಆಧಾರ ಇಲ್ಲ, ಬೇಕಿದ್ದರೆ ಮೈಸೂರಿನ ಸೆಷನ್ಸ್ ಕೋರ್ಟಿಗೆ ಹೋಗಿ ಎಂದಾಯಿತು.

ವ್ಯಾನು ಹತ್ತುವ ಮುಂಚೆ ಗೋವಿಂದಮ್ಮ ಮಗನ ಕಡೆ ತಿರುಗಿದಳು.

"ಮಂಡಿನೋವು ತಂದೋನು ನೀನೇ ಅಲ್ವಾ?"

ಪ್ರೇಮ್‌ಕುಮಾರ್ ತಲೆ ತಗ್ಗಿಸಿದ.

"ತಲೆ ಎತ್ತು. ಎದ್ರುಕೊಂಡೋನು ತಪ್ ಮಾಡ್‌ಬೋದು. ಆದ್ರೆ ಎರಡ್ನೇ ಸಲ ಮಾಡ್‌ಬ್ಯಾಡ."

ಆ ಸಂಜೆಯ ಊಟ ಊಟವಲ್ಲ, ಕುರುಕ್ಷೇತ್ರ. ಪ್ರೇಮ್‌ಕುಮಾರ್ ತಟ್ಟೆ ಮುಂದಿಟ್ಟುಕೊಂಡು ಕೂಗಾಡಿದ. "ಅವಳಿಗೆ ಜಂಬ! ಈ ಮನೇಲಿ ಎಲ್ರಿಗೂ ಜಂಬ! ಮೇಲಿನ ಬೀದಿ ಪುಟ್ಟಬಸವಯ್ಯನೋರು ಇವತ್ತು ಬಸ್‌ಸ್ಟ್ಯಾಂಡಲ್ಲಿ ಸಿಕ್ಕಿದ್ರು. ಹುಡುಗಿ ಸೈಕಲ್ ಇಳಿದು ಹೋಗ್ಲಿ, ಶಿವಮಲ್ಲಪ್ಪನ ಕಡೆಯೋರು ಬೇಲಿಗೆ ಅಡ್ಡ ಬರದಂಗೆ ನಾನು ನೋಡ್ಕೋತೀನಿ ಅಂದ್ರು."

ಸಂಘಮಿತ್ರಾಳ ಮುಖ ಸಣ್ಣದಾಯಿತು. ಮೊದಲ ಸಲ ಅವಳ ದನಿ ಇಳಿಯಿತು. "ಅಪ್ಪ, ಅವ್ವ ಬರಂಗಿದ್ರೆ ಇಳೀತೀನಿ. ಒಂದು ತಿಂಗಳು ತಾನೇ."

ನಾನು ಬಾಯಿ ತೆರೆಯುವ ಮೊದಲೇ ಯಶೋಧರಾ ಸೌಟು ಕುಕ್ಕಿದಳು. "ನೀನ್ ಇಳುದ್ರೆ ಅತ್ತೆ ಈಚಿಗೇ ಬರಕಿಲ್ಲ. ಅವ್ರು ಒಳಗಿರೋದು ಯಾತಕ್ಕೆ ಮತ್ತೆ? ನಿಮ್ ಅಣ್ಣಂಗೆ ಇಷ್ಟು ಓದುಬರಹ ಅದೆ. ಊರೋರ್ ಪಹಣಿಲೆಲ್ಲ ತಪ್ ಹುಡುಕ್ತಾರೆ. ಅವ್ವನ್ ಕಾಗ್ದ ಒಂದ್ ಸಲ ಕಣ್ಬುಟ್ ನೋಡ್ಲಿ."

ಮಾತು ತಾಗಿತು. ಪ್ರೇಮ್‌ಕುಮಾರ್ ಕೈ ತೊಳೆದು ಬಂದು, ಚನ್ನಯ್ಯ ಕೊಟ್ಟಿದ್ದ ಪ್ರತಿಗಳನ್ನು ಹರಡಿಕೊಂಡ. ಕಾಗದದ ಮುಂದೆ ಕೂತರೆ ನನ್ನ ಮಗ ಹುಲಿ. ಒಂದು ಕೊಂಬು, ಒಂದು ದೀರ್ಘ ತಪ್ಪಿದ್ದರೂ ಹಿಡಿದು ತಿನ್ನುತ್ತಾನೆ. ದೂರು ಓದಿದ. ವೈದ್ಯರ ಗಾಯದ ಪತ್ರ ಓದಿದ. ಮಹಜರು ಓದುವಾಗ ಬೆರಳು ಒಂದು ಸಾಲಿನ ಮೇಲೆ ನಿಂತಿತು.

"'ಸುಮಾರು ಎರಡೂವರೆ ಅಡಿ ಉದ್ದದ ಮರದ ಕೋಲು, ಒಂದು ತುದಿಗೆ ಒಂದು ಗೇಣಿನಷ್ಟು ಒಣಗಿದ ರಾಗಿ ಹಿಟ್ಟು ಮೆತ್ತಿರುತ್ತದೆ.' ದಫೇದಾರರು ಇದನ್ನೂ ಬರೆದವ್ರೆ."

"ನಮ್ ಮುದ್ದೆ ಉಂಡ್ ಬರದ್ರಲ್ಲ, ಸುಳ್ ಬರೆಯಾಕ್ ಕೈ ಬಂದಿರಕಿಲ್ಲ" ಎಂದೆ.

ಯಶೋಧರಾ ಹತ್ತಿರ ಬಂದು ಕೂತಳು. "ಒಂದು ಗೇಣು? ರೀ, ಹಿಟ್ಟು ಬೆಂದು ಮುದ್ದೆ ಆದ್ಮೇಲೆ ಕೋಲ್ಗೆ ಅಷ್ಟು ಅಂಟಲ್ಲ. ಹದಿನಾಕ್ ದಿನದಿಂದ ಇದ್ರಲ್ಲೇ ಸಾಯ್ತಾ ಇವ್ನಿ, ನಂಗ್ ಗೊತ್ತು. ಅರ್ಧ ಬೆಂದಿರೋವಾಗ ಎತ್ತಿದ್ರೆ ಮಾತ್ರ ಅಂಗ್ ಮೆತ್ಕೊಳ್ಳೋದು. ಕೊಲೆ ಮಾಡ್ಬೇಕು ಅಂತ ಕಾದು ಕೂತೋಳು ಒಲೆ ಮ್ಯಾಲೆ ಮುದ್ದೆ ಅರ್ಧಕ್ಕೆ ಇಟ್ಕೊಂಡು ಕಾಯ್ತಾಳಾ?"

ಪ್ರೇಮ್‌ಕುಮಾರ್ ಹೆಂಡತಿಯನ್ನು ಆಗ ನೋಡಿದ ಹಾಗೆ ಮದುವೆಯ ದಿನವೂ ನೋಡಿರಲಿಲ್ಲ. ಬೆಳಗಿನ ಮೊದಲ ಬಸ್ಸಿಗೇ ಕಚೇರಿಗೆ ರಜೆ ಹಾಕಿ ಚನ್ನಯ್ಯನವರ ಮನೆಗೆ ಹೊರಟ. ಹೋಗುವಾಗ ಸೈಕಲ್ಲಿನ ಚಕ್ರಕ್ಕೆ ತಾನೇ ಗಾಳಿ ಹೊಡೆದಿಟ್ಟು ಹೋದ.

ಸೆಷನ್ಸ್ ಕೋರ್ಟಿನಲ್ಲಿ ಗೋವಿಂದಮ್ಮ ಇರಲಿಲ್ಲ. ಜಾಮೀನಿನ ವಾದಕ್ಕೆ ಆಪಾದಿತರನ್ನು ಕರೆಸುವುದಿಲ್ಲ. ಕೋರ್ಟಿನ ಗೋಡೆಗಳು ಬದುಕಿಕೊಂಡವು. ಅಲ್ಲಿನ ಸರ್ಕಾರಿ ವಕೀಲರು ಅವಳ ಮಾತನ್ನೇ ಅವಳ ಮೇಲೆ ತಿರುಗಿಸಿದರು.

"ತಾನು ಬಲಶಾಲಿ ಎಂದು ಆಕೆಯೇ ಕೆಳಗಿನ ಕೋರ್ಟಿನಲ್ಲಿ ಸಾರಿದ್ದಾಳೆ, ಸ್ವಾಮಿ. ಇಂಥವಳು ಹೊರಗೆ ಬಂದರೆ ಸಾಕ್ಷಿ ಹೇಳುವವರು ಯಾರು?"

ಚನ್ನಯ್ಯ ಎದ್ದರು. ಈ ಸಲ ಕೈಯಲ್ಲಿ ಸರ್ಟಿಫಿಕೇಟು ಇರಲಿಲ್ಲ.

"ಒಪ್ಪಿದೆ ಸ್ವಾಮಿ. ನನ್ನ ಕಕ್ಷಿದಾರಳು ಬಲಶಾಲಿ. ಮುನ್ನೂರು ಜನರ ಮುದ್ದೆ ಒಬ್ಬಳೇ ತಿರುವುವವಳು. ಅಂಥವಳಿಗೆ ಕೊಲ್ಲುವ ಮನಸ್ಸಿದ್ದಿದ್ದರೆ ಎರಡನೆಯ ಏಟು ಯಾಕೆ ಬೀಳಲಿಲ್ಲ? ತಡೆಯುವವರು ಯಾರಿದ್ದರು? ಆಳುಗಳು ಓಡಿದ್ದರು, ಗಂಡ ಬಾಗಿಲ ಹಿಂದಿದ್ದ."

ಆ ಕೊನೆಯ ಮಾತು ಬೇಕಿರಲಿಲ್ಲ. ಆದರೆ ಕೇಸಿಗೆ ಒಳ್ಳೆಯದಾಗುವುದಾದರೆ ಎಂದು ಸಹಿಸಿಕೊಂಡೆ.

"ಅದೇ ಬಲದಿಂದ ಗಾಯಾಳುವನ್ನು ಹೊತ್ತು ಆಸ್ಪತ್ರೆಗೆ ಸೇರಿಸಿದ್ದಾಳೆ. ದಾಖಲಾತಿಯಲ್ಲಿ 'ಕರೆತಂದವರು' ಎಂಬ ಕಡೆ ಆಕೆಯ ಹೆಸರಿದೆ. ಓಡಿಹೋಗುವವಳಾಗಿದ್ದರೆ ಅವತ್ತೇ ಹೋಗುತ್ತಿದ್ದಳು. ಪೊಲೀಸರು ಬರುವವರೆಗೆ ನಾಲ್ಕು ಗಂಟೆ ಕೂತಿದ್ದಳು. ಇನ್ನು ಮುದ್ದೆಮಾಲು. ಮಹಜರಿನ ಮೂರನೇ ಸಾಲು ದಯವಿಟ್ಟು ನೋಡಬೇಕು."

ಜಡ್ಜರು ನೋಡಿದರು. "ರಾಗಿ ಹಿಟ್ಟೇನ್ರೀ ಇದು?"

"ಅರೆಬೆಂದ ಹಿಟ್ಟು ಸ್ವಾಮಿ. ಗಾಯಾಳು ಒಲೆ ಮೇಲಿನ ತಪ್ಪಲೆ ಒದ್ದ ಕ್ಷಣದಲ್ಲಿ ಕೈಯಲ್ಲಿದ್ದದ್ದು. ತಯಾರಿ ಮಾಡಿ ತಂದ ಆಯುಧವಲ್ಲ, ಅರ್ಧಕ್ಕೆ ನಿಂತ ಅಡಿಗೆ."

ಜಡ್ಜರು ಸರ್ಕಾರಿ ವಕೀಲರ ಕಡೆ ತಿರುಗಿದರು. "ನಿಮ್ಮನೇಲಿ ಮುದ್ದೆ ಮಾಡ್ತಾರೇನ್ರೀ?"

"ಮಾಡ್ತಾರೆ ಸ್ವಾಮಿ."

"ಹಾಗಾದ್ರೆ ಈ ಸಾಲಿಗೆ ನಿಮ್ಮ ತಕರಾರು ಹೇಳಿ."

ಅವರು ಫೈಲು ತಿರುವಿದರು. ಹಿಂದಕ್ಕೂ ತಿರುವಿದರು. ಆದೇಶ ಮೂರು ದಿನಕ್ಕೆ ಎಂದರು ಜಡ್ಜರು. ಆ ಮೂರು ದಿನ ನಾನು ಅನ್ನ ನೀರು ಮುಟ್ಟಲಿಲ್ಲ; ಮುದ್ದೆ ಮಾತ್ರ ತಿಂದೆ.

ಜಾಮೀನು ಸಿಕ್ಕಿತು. ಗೋವಿಂದಮ್ಮನ ತಮ್ಮ, ಮೂಗೂರಿನ ಬೋರಯ್ಯ, ತನ್ನ ಪಹಣಿ ಹಿಡಿದು ಬಂದು ಅಕ್ಕನಿಗೆ ಜಾಮೀನುದಾರನಾಗಿ ನಿಂತ. ಬಂಧನವಾದ ಇಪ್ಪತ್ತೇಳನೆಯ ದಿನ ಸಂಜೆ ಐದಕ್ಕೆ ನಾವೆಲ್ಲ ಮೈಸೂರು ಜೈಲಿನ ಬಾಗಿಲಲ್ಲಿ ನಿಂತೆವು. ದೊಡ್ಡ ಬಾಗಿಲೊಳಗಿನ ಸಣ್ಣ ಬಾಗಿಲು ತೆರೆಯಿತು. ಗೋವಿಂದಮ್ಮ ಗಂಟು ಕಂಕುಳಲ್ಲಿಟ್ಟುಕೊಂಡು ಹೊಸಿಲ ಒಳಗೇ ನಿಂತಳು.

"ಬಾರವ್ವ" ಎಂದ ಪ್ರೇಮ್‌ಕುಮಾರ್.

"ತಡಿ. ಏನಂತ ಬುಟ್ಟವ್ರೆ? ಅದುನ್ನ ಓದಿ ಮೊದ್ಲು. ಕಾಯಿಲೆಯೋಳು, ಕೈಲಾಗದೋಳು ಅಂತ ಬರ್ದಿದ್ರೆ ಇಂಗೇ ತಿರಿಕ್ಕಂಡ್ ಒಳಿಕ್ ಓಯ್ತೀನಿ."

ಜೈಲಿನ ಕಾವಲುಗಾರ ಹಣೆ ಚಚ್ಚಿಕೊಂಡ. "ಅಮ್ಮ, ಬಾಗ್ಲು ಹಾಕ್ಬೇಕು."

"ಆಕು. ನಾನ್ ಯಾವ್ ಕಡೆ ಇರ್ಬೇಕು ಅಂತ ಗೊತ್ತಾದ್‌ಮ್ಯಾಲೆ ಆಕು."

ಚನ್ನಯ್ಯ ಆದೇಶದ ಪ್ರತಿಯನ್ನು ನನ್ನ ಕೈಗೆ ಕೊಟ್ಟರು. ಪುಣ್ಯಕ್ಕೆ ಆ ಜಡ್ಜರು ಕನ್ನಡದಲ್ಲಿ ಬರೆಯುವವರು.

"ಇವ್ರ್ ಕೈಗ್ಯಾಕ್ ಕೊಟ್ರಿ ಸಾ?" ಎಂದಳು ಗೋವಿಂದಮ್ಮ. "ಒಂದ್ ಸಾಲ್ಗೆ ಒಂಬತ್ ಸಾಲ್ ಸೇರುಸ್ತಾರೆ. ಇರೋದ್ ಇರೋ ಅಂಗೇ ಓದ್‌ಬುಡಿ."

ಮೂವತ್ತೆರಡು ವರ್ಷ ಊರವರ ಕಾಗದವನ್ನೆಲ್ಲ ಉಪ್ಪು ಖಾರ ಹಚ್ಚಿ ಓದಿ ಹೇಳಿದವನು ನಾನು. ಆ ಸಂಜೆ ಒಂದಕ್ಷರ ಸೇರಿಸದೆ, ಒಂದಕ್ಷರ ಬಿಡದೆ ಓದಿದೆ.

"'ಅರ್ಜಿದಾರಳು ಐವತ್ತಾರು ವರ್ಷದ ಮಹಿಳೆ. ಅನಾರೋಗ್ಯದ ಆಧಾರವನ್ನು ಆಕೆ ಕೋರಿಲ್ಲ. ಮೇಲ್ನೋಟಕ್ಕೆ ಪೂರ್ವತಯಾರಿ ಕಾಣುವುದಿಲ್ಲ. ಒಂದೇ ಏಟು ಬಿದ್ದಿದೆ. ಎರಡನೆಯ ಏಟು ಹೊಡೆಯಲು ಶಕ್ತಳಾಗಿದ್ದರೂ ಹೊಡೆದಿಲ್ಲ. ಗಾಯಾಳುವನ್ನು ತಾನೇ ಆಸ್ಪತ್ರೆಗೆ ಸೇರಿಸಿದ್ದಾಳೆ. ತಲೆಮರೆಸಿಕೊಳ್ಳುವ ಸಂಭವ ಇಲ್ಲ.'"

"ಶಕ್ತಳಾಗಿದ್ದರೂ ಅಂತ ಬರ್ದವ್ರಾ?"

"ಬರ್ದವ್ರೆ."

"ನೀವ್ ಸೇರ್ಸಿದ್ದಲ್ಲ ತಾನೇ?"

"ಪ್ರೇಮ್‌ಕುಮಾರನ ಕೈಲಿ ಓದ್ಸು ಬೇಕಾದ್ರೆ."

ಪ್ರೇಮ್‌ಕುಮಾರ್ ಮುಂದೆ ಬಾಗಿ ಓದಿದ. "ಶಕ್ತಳಾಗಿದ್ದರೂ. ಇದೆ ಅವ್ವ."

"ಸರಿ. ಮುಂದಕ್ಕೆ?"

"ಷರತ್ತುಗಳು" ಎಂದು ನಾನು ಮುಂದುವರಿಸಿದೆ. "'ಒಂದು, ಪ್ರತಿ ಭಾನುವಾರ ಠಾಣೆಗೆ ಬಂದು ಸಹಿ ಮಾಡತಕ್ಕದ್ದು. ಎರಡು, ಆಪಾದಿತೆಯು ಪ್ರಾಸಿಕ್ಯೂಷನ್ ಸಾಕ್ಷಿಗಳನ್ನು ನೇರವಾಗಿಯಾಗಲಿ ಪರೋಕ್ಷವಾಗಿಯಾಗಲಿ ಹೆದರಿಸತಕ್ಕದ್ದಲ್ಲ.'"

ಗೋವಿಂದಮ್ಮ ಒಂದು ಕಾಲನ್ನು ಹೊಸಿಲ ಹೊರಗಿಟ್ಟು, ಅಲ್ಲೇ ನಿಂತು ಯೋಚಿಸಿದಳು.

"ನಾನ್ ಎದ್ರುಸಾಕಿಲ್ಲ, ಒಪ್ದೆ. ಅವ್ರಾಗವ್ರೇ ಎದ್ರುಕೊಂಡ್ರೆ ವಕೀಲ್ರೇ?"

ಚನ್ನಯ್ಯ ಮೂವತ್ತು ವರ್ಷದ ವಕೀಲಿಕೆಯನ್ನೆಲ್ಲ ಒಂದು ಕ್ಷಣ ಜಾಲಾಡಿದರು.

"ಅದಕ್ಕೆ ಯಾವ ಸೆಕ್ಷನ್ನೂ ಇಲ್ಲ ಕಣಮ್ಮ."

"ಅಂಗಾದ್ರೆ ಬತ್ತೀನಿ" ಎಂದು ಅವಳು ಇನ್ನೊಂದು ಕಾಲನ್ನೂ ಹೊರಗಿಟ್ಟಳು.